ಟೈಪಿಸ್ಟ್ ಮಾವನ ವಿಳಾಸ

ಕೋರ್ಟಿನ ಗೇಟಿನ ಪಕ್ಕ ಕೂರುವ ಟೈಪಿಸ್ಟ್ ಮಾವನಿಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. "ಅಳೋದಾದ್ರೆ ಈಗ್ಲೇ ಅತ್ತುಬಿಡಮ್ಮ, ಕಾಗದ ಒದ್ದೆಯಾದ್ರೆ ಮತ್ತೆ ಮೊದಲಿಂದ ಟೈಪ್ ಮಾಡ್ಬೇಕು" ಎನ್ನುತ್ತಾನೆ. ಗಂಡನದೋ ಮೈದುನನದೋ ಕಾಟ ತಾಳಲಾರದೆ ಪೊಲೀಸ್ ರಕ್ಷಣೆ ಕೇಳುವ ಹೆಂಗಸರ ಅರ್ಜಿ ಬರೆಯುವುದರಲ್ಲಿ ಅವನದು ಎತ್ತಿದ ಕೈ. ಬರೀ 'ಹೊಡೆದ' ಎಂದರೆ ಸಾಲದು. ಎಷ್ಟು ಗಂಟೆಗೆ, ಯಾವುದರಿಂದ, ಒಲೆ ಮೇಲೆ ಏನಿತ್ತು, ಎಲ್ಲ ಬೇಕು. "ಜಡ್ಜು ನಿಮ್ಮನೇಲಿ ಇರ್ಲಿಲ್ಲ, ಅವರಿಗೂ ಕಾಣ್ಬೇಕು." ಇಷ್ಟೆಲ್ಲ ಕೇಳುವವನು, ಈಗ ಎಲ್ಲಿದ್ದೀಯ ಎಂದು ಮಾತ್ರ ಕೇಳುವುದಿಲ್ಲ. ಅರ್ಜಿಯ ಒಂದು ಪ್ರತಿ ಕಾಟ ಕೊಡುವವನ ಕೈಗೂ ಹೋಗುತ್ತದಲ್ಲ. ವಿಳಾಸದ ಜಾಗದಲ್ಲಿ ತನ್ನ ಮನೆಯದನ್ನೇ ಹಾಕುತ್ತಾನೆ. ಆ ಮನೆಯ ಬಾಗಿಲಿಗೆ ಈಗಿರುವುದು ಈ ವರ್ಷದ ಮೂರನೆಯ ಚಿಲಕ. ಕೇಳಿದರೆ, "ಮರ ಹಳೇದು, ಗಾಳಿಗೆ ಕಿತ್ತು ಬರತ್ತೆ" ಎನ್ನುತ್ತಾನೆ.