ಕಮಲತ್ತೆಯ ತೀರ್ಪು

ಕಾಯಿದೆ ಕಲಿಸುವ ಮಾಸ್ತರನಾಗಿ ನಾನು ಮಾಡಿದ ದೊಡ್ಡ ಸಾಧನೆ ಯಾವುದು ಎಂದು ಯಾರಾದರೂ ಕೇಳಿದರೆ (ಇಷ್ಟು ವರ್ಷದಲ್ಲಿ ಯಾರೂ ಕೇಳಿಲ್ಲ), ನಾಗಣಸೂರಿನ ನಮ್ಮ ಸೋದರತ್ತೆಯನ್ನು ಹೈಕೋರ್ಟಿನ ನ್ಯಾಯಮೂರ್ತಿಯ ಕುರ್ಚಿಯಲ್ಲಿ ಕೂರಿಸಿದ್ದು ಎನ್ನಬೇಕಾಗುತ್ತದೆ. ಅತ್ತೆ ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ಹೆಬ್ಬೆಟ್ಟು ಒತ್ತುವುದಕ್ಕೂ ಅವಳಿಗೆ ಸಂಕೋಚ. ಅಂಥವಳ ಮಾತನ್ನು ನನ್ನ ವಿದ್ಯಾರ್ಥಿಯೊಬ್ಬ ವಿಶ್ವವಿದ್ಯಾಲಯದ ಪರೀಕ್ಷೆಯಲ್ಲಿ, ಕೆಳಗೆ ಗೆರೆ ಎಳೆದು, ನ್ಯಾಯಾಲಯದ ತೀರ್ಪು ಎಂದು ಬರೆದ. ಅವನು ಫೇಲಾದ, ನಾನು ಬೈಸಿಕೊಂಡೆ. ಅತ್ತೆ ತೀರಿಕೊಂಡು ಎಷ್ಟೋ ವರ್ಷವಾಗಿದ್ದರಿಂದ ಅವಳೊಬ್ಬಳು ಪಾರಾದಳು.

ಮೊದಲಿನಿಂದ ಹೇಳುತ್ತೇನೆ. ಮೊದಲಿನಿಂದ ಹೇಳುವುದು ನನ್ನ ಹಳೆಯ ರೋಗ. ಅಕ್ಕಲಕೋಟೆಯಲ್ಲಿ ನಮ್ಮಪ್ಪ ಸಂಸ್ಥಾನದ ಕಚೇರಿಯಲ್ಲಿ ಕಾರಕೂನರಾಗಿದ್ದರು. ಮಗ ವಕೀಲನಾದರೆ ಮನೆ ಉದ್ಧಾರವಾದೀತೆಂದು ಓದಿಸಿದರು. ಆರು ವರ್ಷ ಕರಿ ಕೋಟು ಹಾಕಿಕೊಂಡು ಅಲ್ಲಿನ ಕೋರ್ಟಿಗೆ ಅಲೆದೆ. ಆರೋಪಿಯನ್ನು ಆ ದಿನ ನೋಡಿದೆಯೇನಮ್ಮ ಎಂದು ಕೇಳಿದರೆ ನಮ್ಮ ಹಳ್ಳಿಯ ಹೆಂಗಸು ಆ ದಿನ ಮುಂಜಾನೆ ಹಿಟ್ಟು ಕಡಿಮೆ ಬಿದ್ದಿದ್ದರಿಂದ ಶುರು ಮಾಡುತ್ತಾಳೆ. ಬೇರೆ ವಕೀಲರು "ಕೇಳಿದಷ್ಟ ಹೇಳು" ಎಂದು ಗದರಿಸುತ್ತಿದ್ದರು. ನಾನು "ಆಮ್ಯಾಲ?" ಎನ್ನುತ್ತಿದ್ದೆ. ಅವಳು ಕನ್ನಡದಲ್ಲಿ ಹೇಳಿದ ಅಷ್ಟೂ ಮಾತು ಕಾಗದದ ಮೇಲೆ ಮರಾಠಿಯ ಒಂದೇ ಸಾಲಾಗಿ ಇಳಿಯುತ್ತಿತ್ತು: ಆರೋಪಿಯನ್ನು ನೋಡಿದೆ. ಉಳಿದದ್ದೆಲ್ಲ ಎಲ್ಲಿ ಹೋಯಿತೆಂದು ನಾನು ಯೋಚಿಸುತ್ತ ಕೂತಿರುವಾಗ ಕಕ್ಷಿದಾರರು ಒಬ್ಬೊಬ್ಬರಾಗಿ ಬೇರೆಯವರ ಕಡೆ ಸರಿದರು. ಅವರದೇನೂ ತಪ್ಪಿಲ್ಲ.

ಹೀಗೆ ಕೋರ್ಟಿಗೆ ಬೇಡವಾದವನು ಸೊಲ್ಲಾಪುರದ ಕಾಲೇಜಿಗೆ ಬೇಕಾದೆ. ನಮ್ಮ ತರಗತಿಗಳು ಮುಂಜಾನೆ ಏಳಕ್ಕೆ, ಗಿರಣಿಯ ಭೋಂಗಾ ಕೂಗಿದ ಮೇಲೆ. ವಿದ್ಯಾರ್ಥಿಗಳಲ್ಲಿ ಅರ್ಧ ಜನ ಕಚೇರಿಗೆ ಹೋಗುವ ದಾರಿಯಲ್ಲಿ ಬಂದವರು, ಇನ್ನರ್ಧ ರಾತ್ರಿ ಪಾಳಿ ಮುಗಿಸಿ ಮನೆಗೆ ಹೋಗುವ ದಾರಿಯಲ್ಲಿ ಬಂದವರು. ಒಬ್ಬರ ಕಣ್ಣು ಗಡಿಯಾರದ ಮೇಲೆ, ಇನ್ನೊಬ್ಬರ ಕಣ್ಣು ಮುಚ್ಚಿರುತ್ತಿತ್ತು. ಇವರಿಗೆ ನಾನು ಸಾಕ್ಷ್ಯ ಕಾಯಿದೆ ಕಲಿಸಬೇಕು.

ಈ ಕಾಯಿದೆಗೆ ಮೊನ್ನೆ ಮೊನ್ನೆ ನೂರು ವರ್ಷ ತುಂಬಿತು. ಕಲಮುಗಳ ಕೆಳಗೆ ಅಲ್ಲಲ್ಲಿ ಪುಟ್ಟ ಪುಟ್ಟ ದೃಷ್ಟಾಂತಗಳಿವೆ. ಅವುಗಳಲ್ಲಿ ಬರುವವರು ಹೆಚ್ಚಾಗಿ ಇಬ್ಬರೇ, 'ಎ' ಮತ್ತು 'ಬಿ'. ತೀರ ಗದ್ದಲವಾದರೆ 'ಸಿ' ಬರುತ್ತಾನೆ. ನೂರು ವರ್ಷದಿಂದ ಎ ಬಿಯನ್ನು ಕೊಲ್ಲುತ್ತಲೇ ಇದ್ದಾನೆ, ಬಿ ಎಯ ಹೊಲ ತನ್ನದೆನ್ನುತ್ತಲೇ ಇದ್ದಾನೆ. ಎಗೆ ತಾಯಿ ಇದ್ದಾಳೋ ಇಲ್ಲವೋ, ಕೊಲ್ಲಲು ಹೋದ ದಿನ ಉಂಡಿದ್ದನೋ ಹಸಿದಿದ್ದನೋ, ಬಿ ಸತ್ತ ಮೇಲೆ ಅವನ ಎಮ್ಮೆಯ ಹಾಲು ಹಿಂಡಿದವರು ಯಾರು, ಒಂದೂ ತಿಳಿಯದು. ಇಂಥ ಗೊತ್ತಿಲ್ಲದ ಜನರ ಜಗಳಕ್ಕೆ ಯಾವ ವಿದ್ಯಾರ್ಥಿ ಕಣ್ಣು ತೆರೆದಾನು? ನಾನು ಎಗೆ ಕರಜಗಿಯಲ್ಲಿ ಮನೆ ಕೊಟ್ಟೆ, ಬಿಗೆ ಕಂದಲಗಾಂವದಲ್ಲಿ ಹೊಲ ಕೊಟ್ಟೆ. ಹೆಂಡತಿ, ಸಿಟ್ಟು, ಹಲ್ಲುನೋವು ಎಲ್ಲ ಕೊಟ್ಟೆ. ಅರ್ಧ ಇಂಗ್ಲಿಷಿನಲ್ಲಿ, ಅರ್ಧ ಮರಾಠಿಯಲ್ಲಿ ಹೇಳುತ್ತಿದ್ದೆ, ಸಿಟ್ಟಿನ ಮಾತು ಬಂದಾಗ ಮಾತ್ರ ಕನ್ನಡ. ಹುಡುಗರು "ಸರ್, ಗೋಷ್ಟ ಸಾಂಗಾ" ಎಂದು ಕಥೆ ಕೇಳಲು ಶುರು ಮಾಡಿದರು. ನನಗೂ ಅದೇ ಬೇಕಾಗಿತ್ತೆನ್ನಿ.

ಆ ಕಾಯಿದೆಯಲ್ಲಿ ನನಗೆ ಬಹಳ ಪ್ರಿಯವಾದ ಕಲಮು ಒಂದಿದೆ. ಕಾಣೆಯಾದ ಮನುಷ್ಯನ ಸುದ್ದಿ, ಸಹಜವಾಗಿ ಯಾರಿಗೆ ತಿಳಿಯಬೇಕೋ ಅವರಿಗೆ ಏಳು ವರ್ಷ ತಿಳಿಯದೇ ಹೋದರೆ, ಬದುಕಿದ್ದಾನೆ ಎನ್ನುವವರೇ ಅದನ್ನು ಸಾಧಿಸಿ ತೋರಿಸಬೇಕು. ನಮ್ಮ ಶಾಸ್ತ್ರಗಳು ಹನ್ನೆರಡು ವರ್ಷ ಕಾದು, ಆಮೇಲೆ ಹುಲ್ಲಿನ ಗೊಂಬೆ ಮಾಡಿ ಸುಡಲು ಹೇಳುತ್ತವೆ. ಇಂಗ್ಲಿಷರು ಐದು ವರ್ಷ ಕಡಿಮೆ ಮಾಡಿದರು. ಅವರಿಗೆ ಊರಿಗೆ ಹೋಗುವ ಅವಸರವಿತ್ತೋ ಏನೋ. ಇದನ್ನು ಕಲಿಸುವಾಗ ನಾನು ಕಮಲತ್ತೆ ಹೇಳುತ್ತಿದ್ದ ಕಥೆ ಹೇಳುತ್ತಿದ್ದೆ. ಎತ್ತಿನ ಸಂತೆಗೆಂದು ಹೋದ ಒಬ್ಬ ಮನುಷ್ಯ ತಿರುಗಿ ಬರಲಿಲ್ಲ. ಹೆಂಡತಿ ದಿನಾಲು ಅವನ ಪಾಲಿನ ರೊಟ್ಟಿ ತಟ್ಟಿ, ಬುಟ್ಟಿಯಲ್ಲಿ ಮುಚ್ಚಿಟ್ಟು, ಮರುದಿನ ಅದನ್ನು ಆಕಳಿಗೆ ಹಾಕುತ್ತಿದ್ದಳು. ಏಳು ವರ್ಷವಾಯಿತು, ಹನ್ನೆರಡಾಯಿತು. ಇನ್ನು ಗೊಂಬೆ ಸುಟ್ಟುಬಿಡೋಣ ಎಂದು ಹಿರಿಯರು ಬಂದರು, ಅವಳು ಒಪ್ಪಲಿಲ್ಲ. ಆಮೇಲೊಂದು ದಿನ ಸುಗ್ಗಿಯ ಗಡಿಬಿಡಿಯಲ್ಲಿ ಅವನ ರೊಟ್ಟಿ ತಟ್ಟುವುದನ್ನು ಮರೆತಳು. ಮರುದಿನ ಆಕಳು ಬಾಗಿಲಿಗೆ ಬಂದು ನಿಂತಾಗ ನೆನಪಾಯಿತು. ಅಂದು ಕೂತು ಅತ್ತಳು, ಅತ್ತು ಮುಗಿಸಿ ತಾನೇ ಹೋಗಿ ಹಿರಿಯರನ್ನು ಕರೆದಳು. "ಹಾದಿ ಕಾಯೋರು ಇರೋತನಕ ಮನಶ್ಯಾ ಸತ್ತಂಗಲ್ಲ" ಎಂದು ಅತ್ತೆ ಕಥೆ ಮುಗಿಸುತ್ತಿದ್ದಳು. ನಾನು ತರಗತಿಯಲ್ಲಿ ಗಂಭೀರವಾಗಿ, ಇದು ಕಮಲಾಬಾಯಿಯವರ ತೀರ್ಪು ಎನ್ನುತ್ತಿದ್ದೆ.

ಹಿಂದಿನ ಬೆಂಚಿನಲ್ಲಿ ಸಿದ್ರಾಮಪ್ಪ ಎಂಬವನು ಕೂಡುತ್ತಿದ್ದ. ಮೂವತ್ತೈದು ದಾಟಿದ ಸಂಸಾರಸ್ಥ, ಕರಜಗಿಯವನು, ಸೊಲ್ಲಾಪುರದ ಎಸ್.ಟಿ. ಸ್ಟ್ಯಾಂಡಿನಲ್ಲಿ ಬಸ್ಸುಗಳನ್ನು ಬಿಡುವ ಕಂಟ್ರೋಲರ್. ರಾತ್ರಿ ಪಾಳಿ ಮುಗಿಸಿ ಖಾಕಿಯಲ್ಲೇ ಬಂದು, ತಲೆ ಗೋಡೆಗೆ ಆನಿಸಿ ನಿದ್ದೆ ಹೋಗುತ್ತಿದ್ದ. ಕಮಲತ್ತೆಯ ಕಥೆ ಹೇಳಿದ ದಿನವೂ ಉದ್ದಕ್ಕೂ ಮಲಗಿದ್ದು, ತೀರ್ಪು ಎಂಬ ಮಾತು ಬಂದಾಗ ಎಚ್ಚರಾಗಿದ್ದಾನೆ. ಪರೀಕ್ಷೆಗೆ ಬರುವುದು ತೀರ್ಪುಗಳೇ ಎಂದು ಅವನಿಗೆ ಗೊತ್ತು. ಪೆನ್ನು ತೆಗೆದು ಚೊಕ್ಕಟವಾಗಿ ಬರೆದುಕೊಂಡ. ಪಕ್ಕದವನ ವಹಿ ನೋಡಿ ಕಥೆಯನ್ನೂ ತುಂಬಿಕೊಂಡ.

ಪರೀಕ್ಷೆ ಮುಗಿದ ಮೇಲೆ ವಿಶ್ವವಿದ್ಯಾಲಯದಿಂದ ಪ್ರಿನ್ಸಿಪಾಲರಿಗೆ ಒಂದು ಪತ್ರ ಬಂತು. ನ್ಯಾಯಮೂರ್ತಿ ಕಮಲಾಬಾಯಿಯವರ ತೀರ್ಪು ಯಾವ ಸಂಪುಟದಲ್ಲಿದೆ, ಪರೀಕ್ಷಕರಿಗೆ ಎಲ್ಲೂ ಸಿಕ್ಕಿಲ್ಲ, ದಯವಿಟ್ಟು ತಿಳಿಸಿ ಎಂದಿತ್ತು. ಪ್ರಿನ್ಸಿಪಾಲರು ಒಳ್ಳೆಯವರು, ಆದರೆ ನಗುವ ಜಾತಿಯವರಲ್ಲ. ಕಪಿ ತಾನು ಕೆಡುವುದಲ್ಲದೆ ವನವನ್ನೆಲ್ಲ ಕೆಡಿಸಿತು ಎಂಬ ಅರ್ಥದ ಮಾತನ್ನು ಮರಾಠಿಯಲ್ಲಿ ಬಹಳ ಮರ್ಯಾದೆಯಿಂದ ಹೇಳಿದರು. ಇನ್ನು ಮುಂದೆ ಕಲಮು, ಅದರ ಅರ್ಥ, ನಿಜವಾದ ತೀರ್ಪು, ಇಷ್ಟೇ ಎಂದು ಅಪ್ಪಣೆಯಾಯಿತು. ಸಿದ್ರಾಮಪ್ಪ ಆ ಪೇಪರಿನಲ್ಲಿ ಫೇಲಾಗಿದ್ದ. ಮರುವರ್ಷ ಮತ್ತೆ ಅದೇ ಬೆಂಚಿನಲ್ಲಿ ಬಂದು ಕೂತ. ನಾನು ಅವನ ಕಡೆ ನೋಡುವುದನ್ನೇ ಬಿಟ್ಟೆ. ಒಬ್ಬ ಸಂಸಾರಸ್ಥನ ಒಂದು ವರ್ಷ ನನ್ನ ಮಾತಿನ ಚಪಲಕ್ಕೆ ಹಾಳಾಯಿತಲ್ಲ ಎಂಬ ನಾಚಿಕೆ.

ಕಥೆ ಬಿಟ್ಟ ಮೇಲೆ ನನಗೊಂದು ವಿಷಯ ಗೊತ್ತಾಯಿತು. ದಿನವೆಲ್ಲ ನಾನು ಆಡುತ್ತಿದ್ದ ಮಾತೆಂದರೆ ಆ ಕಥೆಗಳಷ್ಟೇ. ನನ್ನ ಹೆಂಡತಿ ತೀರಿಕೊಂಡು ಒಂಬತ್ತು ವರ್ಷ. ಮಕ್ಕಳಿಲ್ಲ. ವಾಡೆಯೊಂದರ ಮಾಳಿಗೆಯ ಮೇಲೆ ಒಂದು ಖೋಲಿ. ಬೀಗ ನಾನೇ ಹಾಕಬೇಕು, ನಾನೇ ತೆಗೆಯಬೇಕು. ಕೆಳಗಿನವರು ಒಳ್ಳೆಯ ಜನ, ಮರಾಠಿಯಲ್ಲಿ "ಊಟವಾಯಿತೇ" ಎನ್ನುತ್ತಾರೆ, ನಾನು ಆಯಿತು ಎನ್ನುತ್ತೇನೆ, ಆಗಿರಲಿ ಬಿಡಲಿ. ನನ್ನ ಕನ್ನಡ ಪುಸ್ತಕಗಳನ್ನು ನಾನೇ ಗಟ್ಟಿಯಾಗಿ ಓದಿಕೊಳ್ಳುತ್ತೇನೆ, ಧ್ವನಿ ಇದೆಯೋ ಇಲ್ಲವೋ ನೋಡಲು. ಇದನ್ನು ಹೇಳಿಕೊಳ್ಳಲು ನಾಚಿಕೆಯಾಗುತ್ತದೆ, ಆದರೆ ನಿಮ್ಮ ಮುಂದೇನು: ನನಗೆ ಬಹಳ ಬೇಸರವಾಗುತ್ತಿತ್ತು.

ಹೆಂಡತಿಯ ವರ್ಷದ ತಿಥಿಯನ್ನು ನಾನು ಅಕ್ಕಲಕೋಟೆಯಲ್ಲೇ ಮಾಡುವುದು. ಹಿಂದಿನ ದಿನ ಹೋಗಿ ಧರ್ಮಶಾಲೆಯಲ್ಲಿ ಉಳಿದು, ಮರುದಿನ ಕಾರ್ಯ ಮುಗಿಸಿ ಸಂಜೆ ಐದರ ಬಸ್ಸಿಗೆ ತಿರುಗುತ್ತೇನೆ. ಆ ವರ್ಷ ಹೊರಡುವ ದಿನ ಸೊಲ್ಲಾಪುರದ ಸ್ಟ್ಯಾಂಡಿಗೆ ಬಂದರೆ ಕಂಟ್ರೋಲರನ ಕಿಂಡಿಯಲ್ಲಿ ಸಿದ್ರಾಮಪ್ಪ, ಆ ವಾರ ಅವನಿಗೆ ಹಗಲು ಪಾಳಿ. ಕಬ್ಬಿನ ಹಾಲಿನ ಅಂಗಡಿಯ ಹಿಂದೆ ತಲೆ ತಪ್ಪಿಸಿಕೊಂಡು ನಿಂತೆ. ಅಕ್ಕಲಕೋಟೆಯ ಗಾಡಿ ಹೊರಟಿದೆ ಎಂದು ಅವನು ಧ್ವನಿವರ್ಧಕದಲ್ಲಿ ಕೂಗಿದ ಮೇಲೆ, ಬಿಸಿಲಿಗೆಂಬಂತೆ ಛತ್ರಿ ಮುಖಕ್ಕೆ ಅಡ್ಡ ಹಿಡಿದು ಓಡಿದೆ. ಪಾಠ ಹೇಳುವ ಮಾಸ್ತರನೇ ವಿದ್ಯಾರ್ಥಿಯಿಂದ ತಪ್ಪಿಸಿಕೊಂಡು ಓಡುವ ಕಾಲ ಬಂತಲ್ಲ ಎಂದು ಬಸ್ಸಿನಲ್ಲಿ ಕೂತು ನನಗೇ ನಗು ಬಂತು.

ಮರುದಿನ ಪಿಂಡ ಇಟ್ಟು ಎದ್ದೆ. ಭಟ್ಟರು ಹೋದರು. ಧರ್ಮಶಾಲೆಗೆ ಬರುವಷ್ಟರಲ್ಲಿ ಮೈ ಕೆಂಡದಂತೆ ಸುಡತೊಡಗಿತು. ಚಾಪೆಯ ಮೇಲೆ ಬಿದ್ದೆ, ಐದರ ಬಸ್ಸು ಹೋಯಿತು. ಸುತ್ತ ಯಾತ್ರಿಕರ ಸಂಸಾರಗಳು ಗಂಟು ಕಟ್ಟುತ್ತಿದ್ದವು, ಬಿಚ್ಚುತ್ತಿದ್ದವು. ಒಂದು ತಂತಿ ಕಳಿಸಬೇಕೆನಿಸಿತು. ಯಾರಿಗೆ ಎಂದು ಯೋಚಿಸಿದೆ. ವರ್ಷಾ ವರ್ಷಾ ಕಲಿಸಿದ ಆ ಕಲಮು ಆಗ ಎದೆಯ ಮೇಲೆ ಬಂದು ಕೂತಿತು. ನನ್ನ ಸುದ್ದಿ ಸಹಜವಾಗಿ ಯಾರಿಗೆ ತಿಳಿಯಬೇಕು? ತಿಳಿಯಬೇಕಾಗಿದ್ದವಳ ತಿಥಿ ಮಾಡಿಯೇ ಮಲಗಿದ್ದೆ. ಕಾಲೇಜಿನಲ್ಲಿ ಗೈರುಹಾಜರಿ ಬರೆದುಕೊಳ್ಳುತ್ತಾರೆ. ಕೆಳಗಿನವರು ಬೀಗ ನೋಡಿ, ಊರಿಗೆ ಹೋಗಿರಬೇಕು ಎನ್ನುತ್ತಾರೆ. ಬೇರೆ ಯಾವ ಹೆಸರೂ ಹೊಳೆಯಲಿಲ್ಲ. ಏಳು ವರ್ಷ ಕಾಯಬೇಕಾದರೆ ಕಾಯುವವರೊಬ್ಬರು ಬೇಕಲ್ಲ. ಐವತ್ತೆರಡು ವರ್ಷದವನು ಗೋಡೆಯ ಕಡೆ ಹೊರಳಿ ಅತ್ತುಬಿಟ್ಟೆ. ಜ್ವರದ ನೆಪವಿತ್ತು.

ಮೂರನೆಯ ದಿನ ಮಧ್ಯಾಹ್ನ ಯಾರೋ ಚರ್ಮದ ಚೀಲ ತೂಗುಬಿಟ್ಟುಕೊಂಡು ಬಾಗಿಲಲ್ಲಿ ನಿಂತು, ಮಲಗಿದವರನ್ನು ಒಬ್ಬೊಬ್ಬರನ್ನಾಗಿ ನೋಡಿ, ನನ್ನ ಮುಂದೆ ಬಂದು ಬಗ್ಗಿದ. ಬಸ್ಸಿನ ಕಂಡಕ್ಟರ್.

"ಕತಿ ಹೇಳೋ ಮಾಸ್ತರು ನೀವೇ ಏನ್ರಿ?"

ಹೌದೆಂದೆ, ಯಾಕೆಂದೆ.

"ಏನ್ ಮಾರಾಯ್ರಿ! ನಮ್ಮ ಕಂಟ್ರೋಲರ್ ಸಾಹೇಬ್ರು ನಿನ್ನಿ ಸಂಜೀಲಿಂದ ಜೀವಾ ತಿನ್ನಾಕತ್ತಾರ. ಇತ್ತಾಗ ಬರೋ ಒಂದೊಂದು ಗಾಡಿಗೂ ಹೇಳಿ ಕಳಸ್ಯಾರ. ಕರೀ ಕೋಟು, ದಪ್ಪ ಚಷ್ಮಾ, ಕೈಯಾಗ ಛತ್ರಿ, ಮಾತಾಡ್ಸಿದ್ರ ಕತಿ ಚಾಲೂ ಮಾಡ್ತಾರ, ಎಲ್ಲೇ ಕಂಡ್ರೂ ಕರ್ಕೊಂಡ ಬರ್ರಿ ಅಂತ. ಎರಡ ಧರ್ಮಶಾಳಾ ಹುಡುಕಿ ಬಂದೀನಿ, ಇದು ಮೂರನೇದು. ಏಳ್ರಿ, ಗಾಡಿ ನಿಂತೈತಿ, ಮಂದಿ ಬೈತಾರ."

ಮಂದಿ ನಿಜವಾಗಿಯೂ ಬೈಯುತ್ತಿದ್ದರು. ಮುಂದಿನ ಸೀಟಿನಲ್ಲಿ ನನ್ನನ್ನು ಕೂರಿಸಿ, ಶಾಲು ಹೊದಿಸಿ, ಅವನು ಎಲ್ಲರಿಗೂ ನನ್ನ ಜ್ವರದ ವಿಷಯ ಹೇಳಿದ. ಆಮೇಲೆ ಬೈಯುವುದು ನಿಂತು ಕಷಾಯದ ಸಲಹೆಗಳು ಶುರುವಾದವು.

ಸೊಲ್ಲಾಪುರದ ಸ್ಟ್ಯಾಂಡಿನಲ್ಲಿ ಸಿದ್ರಾಮಪ್ಪ ಬಸ್ಸಿನ ಬಾಗಿಲಿಗೇ ಬಂದು ನಿಂತಿದ್ದ. ನನ್ನ ತೋಳು ಹಿಡಿದು ಇಳಿಸಿಕೊಂಡ.

"ದರ ವರ್ಸಾ ಹೋದ ಮರುದಿನಾ ಐದರ ಗಾಡಿಗೆ ಬರ್ತೀರಿ ಸರ್. ನಿನ್ನಿ ನೋಡಿದೆ, ನೀವು ಇಳೀಲಿಲ್ಲ. ಏಳರದೂ ನೋಡಿದೆ. ಮುಂಜಾನಿ ಕ್ಲಾಸಿಗೆ ಹೋದೆ, ಅಲ್ಲೂ ಇಲ್ಲ."

ನಾನು ಛತ್ರಿಯ ಮರೆಯಲ್ಲಿ ಓಡಿದ್ದನ್ನು ನೋಡಿದ್ದನೇ ಎಂದು ಕೇಳುವ ಧೈರ್ಯವಾಗಲಿಲ್ಲ. ಅದರ ಬದಲು, ಒಂದು ವರ್ಷದಿಂದ ಹೇಳದೇ ಉಳಿಸಿಕೊಂಡಿದ್ದನ್ನು ಹೇಳಿದೆ: "ಸಿದ್ರಾಮಪ್ಪ, ನನ್ನ ಸಲುವಾಗಿ ನೀವು ಫೇಲಾದ್ರಿ. ನನ್ನಿಂದ ತಪ್ಪಾತು."

ಅವನಿಗೆ ಆಶ್ಚರ್ಯವಾಯಿತು. "ಆ ಪ್ರಶ್ನಿಗೆ ಹತ್ತ ಮಾರ್ಕ್ಸ್ ರೀ ಸರ್. ಉಳಿದಿದ್ದು ನಾನೇ ಸ್ವಂತ ಕಳಕೊಂಡೀನಿ. ಆ ಕತಿ ನಮ್ಮವ್ವಗ ಹೇಳಿದೆ. ತೀರ್ಪು ಬರೋಬರ್ ಐತಿ, ಪೇಪರ್ ತಪಾಸ್ ಮಾಡಿದಂವಗ ತಿಳಿದಿಲ್ಲ ಅಂದ್ಲು." ನನ್ನ ಛತ್ರಿಯನ್ನು ತನ್ನ ಕೈಗೆ ತೆಗೆದುಕೊಂಡು, "ಆದ್ರ ಈ ವರ್ಸ ನೀವು ಕತೀನ ಹೇಳವಲ್ರಿ. ಭಾಳ ನಿದ್ದಿ ಬರ್ತೈತ್ರಿ ಸರ್" ಎಂದ.

ಹೋದ ವರ್ಷ ಕಥೆಯ ನಡುವೆಯೂ ಅವನು ಗೊರಕೆ ಹೊಡೆದದ್ದು ನನಗೆ ನೆನಪಿತ್ತು. ಆದರೆ ಆ ಹೊತ್ತಿನಲ್ಲಿ ಸಾಕ್ಷಿಯನ್ನು ಪಾಟೀಸವಾಲಿಗೆ ಒಳಪಡಿಸುವ ಮನಸ್ಸಾಗಲಿಲ್ಲ.

ಮುಂದಿನ ವಾರದಿಂದ ಕಥೆ ಮತ್ತೆ ಶುರುವಾಯಿತು. ಪ್ರತಿ ಸಲವೂ ಕೊನೆಗೆ, ಇದು ನಮ್ಮ ಅತ್ತೆ, ಹೈಕೋರ್ಟಲ್ಲ, ಉತ್ತರಪತ್ರಿಕೆಯಲ್ಲಿ ಬರೆದವರ ಪಾಪ ಅವರಿಗೇ ಎಂದು ಹೇಳುತ್ತೇನೆ. ಪ್ರಿನ್ಸಿಪಾಲರು ಒಮ್ಮೆ ಬಾಗಿಲಲ್ಲಿ ನಿಂತು ಕೇಳಿ, ಕೆಮ್ಮಿ, ಮುಂದೆ ಹೋದರು. ಸಿದ್ರಾಮಪ್ಪ ಆ ವರ್ಷ ಪಾಸಾದ, ಅಂಚಿನ ಮೇಲೆ.

ಒಂದೇ ತೊಂದರೆ. ಆ ದಾರಿಯ ಕಂಡಕ್ಟರುಗಳೆಲ್ಲ ಈಗ ನನ್ನನ್ನು ಬಲ್ಲರು. ಟಿಕೆಟ್ ಹರಿಯುವ ಮೊದಲೇ "ಆರಾಮ ಅದೀರೇನ್ರಿ ಮಾಸ್ತರ? ತಿರುಗಿ ಯಾವ ಗಾಡಿಗೆ?" ಎನ್ನುತ್ತಾರೆ. ಇಡೀ ಬಸ್ಸು ತಿರುಗಿ ನೋಡುತ್ತದೆ. ನಾನು ಹೇಳಿದ ಗಾಡಿಗೆ ಬರದಿದ್ದರೆ ಇವರು ಸುಮ್ಮನಿರುವವರಲ್ಲ ಎಂಬ ಹೆದರಿಕೆಗೆ ಓಡೋಡಿ ಬಂದು ಹತ್ತುತ್ತೇನೆ. ಖೋಲಿಗೆ ಬಂದು ಬೀಗ ತೆಗೆದರೆ ಒಳಗೆ ಅದೇ ಕತ್ತಲೆ, ನಾನೊಬ್ಬನೇ. ಬೇಸರ ಹೋಯಿತೆಂದು ನಾನು ಪ್ರಮಾಣ ಮಾಡಿ ಹೇಳಲಾರೆ. ಆದರೆ ಹೇಳದೆ ಕೇಳದೆ ಕಾಣೆಯಾಗುವ ಸ್ವಾತಂತ್ರ್ಯವೊಂದಿತ್ತಲ್ಲ, ಅದು ಮಾತ್ರ ಹೋಯಿತು.