ಸಾಂಬಾರಿನೊಳಗಿನ ವಾಲ್ವ್ ಸೀಲು

ಆ ಕಾಲದ ಹೋಟೆಲ್ ತಿಂಡಿ ಎಷ್ಟು ಶುಚಿ, ಎಷ್ಟು ರುಚಿ ಎಂದು ನನ್ನ ಓರಗೆಯವರು ಬಾಯಿ ಚಪ್ಪರಿಸುವಾಗ ನಾನು ಎದ್ದು ಕೈ ತೊಳೆಯಲು ಹೋಗುತ್ತೇನೆ. ರುಚಿಯೇನೋ ನಿಜ. ಶುಚಿಯ ಮಾತು ಮಾತ್ರ ನನ್ನೆದುರು ಆಡಬೇಡಿ. ತಪ್ಪಲೆ ತಿಕ್ಕಿದವಳು ನಾನು.

ಎಪ್ಪತ್ತರ ದಶಕದ ಮೊದಲ ವರ್ಷಗಳು. ನಾಸಿಕದಲ್ಲಿ ಅಪ್ಪನದೊಂದು ಸಣ್ಣ ಹೋಟೆಲು, ಅದರ ಹಿಂದೆಯೇ ನಮ್ಮ ಮನೆ. ಅಡುಗೆಗೆ ಕುಂದಾಪುರದ ಕಡೆಯ ವಾಸು ಭಟ್ಟರು. ಇಂಗು ಒಂದು ಚಿಟಿಕೆ ಕಡಿಮೆಯಾದರೂ ಬಾಗಿಲಲ್ಲೇ ನಿಂತು ಹೇಳುವಂಥ ಮೂಗು ಅವರದು. ಸಾಂಬಾರಿನ ತಪ್ಪಲೆಯನ್ನು ಸ್ನಾನ ಮಾಡದವರು ಮುಟ್ಟುವ ಹಾಗಿರಲಿಲ್ಲ. ನಾನು ಶಾಲೆಯಿಂದ ಬಂದೆನೆಂದರೆ ಬಿಸಿ ಬನ್ಸ್ ಒಂದನ್ನು ಬಾಳೆಲೆ ಚೂರಿನಲ್ಲಿಟ್ಟು, "ಊದಿ ತಿನ್ನು ಮಗಾ" ಎನ್ನುತ್ತಿದ್ದರು.

ಲಾಸಲಗಾಂವಿನಿಂದ ಈರುಳ್ಳಿ ತರಲೆಂದು ಅಪ್ಪ ಒಂದು ಹಳೇ ಕಾರು ಕೊಂಡಿದ್ದರು. ಬೆಳಿಗ್ಗೆ ಚಾಲೂ ಮಾಡಿದರೆ ಸಾಕು, ನೀಲಿ ಹೊಗೆ ಹಿತ್ತಿಲಿನಿಂದ ನೇರ ಅಡುಗೆಮನೆಗೆ ನುಗ್ಗುತ್ತಿತ್ತು. ಸುಟ್ಟ ಎಣ್ಣೆಯ ಆ ಕಮಟು ನನ್ನ ಜಡೆಯಲ್ಲಿ ಕೂತು ಶಾಲೆಗೂ ಬರುತ್ತಿತ್ತು. ಮೆಕ್ಯಾನಿಕ್ ಶಂಕರ ಬಂದು ನೋಡಿ, "ಶೇಟ್, ಸೀಲ್ ಗೇಲೇ" ಎಂದ. ಎಂಜಿನ್ನಿನ ವಾಲ್ವಿನ ಕಡ್ಡಿಗೆ ತೊಡಿಸುವ ಎಂಟು ರಬ್ಬರ್ ಸೀಲುಗಳೂ ಹಾಳಾಗಿ ಎಣ್ಣೆ ಒಳಗಿಳಿದು ಉರಿಯುತ್ತಿತ್ತಂತೆ.

ಸೋಮವಾರ ಹೋಟೆಲಿಗೆ ರಜೆ. ಅಮ್ಮ ಊರಿಗೆ ಹೋಗಿದ್ದಳು, ಭಟ್ಟರು ತೀರ್ಥಸ್ನಾನಕ್ಕೆಂದು ತ್ರ್ಯಂಬಕಕ್ಕೆ. ಶಂಕರ ಎಂಜಿನ್ನಿನ ಸ್ಪಾರ್ಕ್ ಪ್ಲಗ್ ಬಿಚ್ಚಿ ಆ ತೂತಿನೊಳಗೆ ನೂಲಿನ ಹಗ್ಗ ತುರುಕಿದ. ಒಳಗೆ ಹಗ್ಗ ಗಟ್ಟಿಯಾಗಿ ಒತ್ತಿಕೊಂಡರೆ ಸ್ಪ್ರಿಂಗ್ ತೆಗೆದಾಗ ವಾಲ್ವ್ ಕೆಳಗೆ ಬೀಳುವುದಿಲ್ಲ. ಆಮೇಲೆ ಬಿಚ್ಚಿದ್ದನ್ನೆಲ್ಲ ತೊಳೆಯಲು ಅಗಲದ ಪಾತ್ರೆ ಕೇಳಿದ. ಅಪ್ಪ ನಲ್ಲಿಯ ಹತ್ತಿರ ಕವುಚಿಟ್ಟಿದ್ದ ತಪ್ಪಲೆ ಎತ್ತಿಕೊಂಡರು.

"ಅಪ್ಪಾ, ಅದು ಸಾಂಬಾರಿಂದು!"

"ಗೊತ್ತುಂಟು. ಆಮೇಲೆ ಹುಣಸೆಹುಳಿ ಹಾಕಿ ತಿಕ್ಕಿದ್ರೆ ಆಯ್ತು. ಭಟ್ರ ಹತ್ರ ಹೇಳ್ಲಿಕ್ಕೆ ಹೋಗ್ಬೇಡ."

ಸೀಮೆಎಣ್ಣೆ ಸುರಿದರು. ಸ್ಪ್ರಿಂಗು, ಬಿಲ್ಲೆ, ಕಿತ್ತ ಸೀಲು ಎಲ್ಲ ಅದರೊಳಗೆ. ಸಂಜೆ ತಿಕ್ಕುವ ಕೆಲಸ ನನ್ನ ತಲೆಗೆ ಬಂತು. ಥೂ! ಕರಿ ಜಿಡ್ಡು ಉಗುರಿನೊಳಗೆ ಸೇರಿತು, ಎರಡು ಸಲ ವಾಂತಿಯಾಯಿತು. ಸೀಲುಗಳನ್ನು ಎರಡು ಬೆರಳಲ್ಲಿ ಹಿಡಿದು ಕಸಕ್ಕೆ ಎಸೆದೆ. ಎಂಟೂ ಬಂದವೇ ಎಂದು ನೋಡಲಿಲ್ಲ. ತಳಕ್ಕೆ ಅಂಟಿದ್ದ ಜಿಡ್ಡಿಗೆ ಕೈ ಹಾಕಲು ಮನಸ್ಸೇ ಬರಲಿಲ್ಲ. ಕಣ್ಣು ಮುಚ್ಚಿ ನೀರು ಹೊಯ್ದು ಕವುಚಿಟ್ಟೆ.

ತ್ರ್ಯಂಬಕದ ತಣ್ಣೀರಲ್ಲಿ ಮುಳುಗಿ ಬಂದ ಭಟ್ಟರಿಗೆ ನೆಗಡಿ ಹಿಡಿದು ಮೂಗು ಪೂರ್ತಿ ಕಟ್ಟಿತ್ತು. ಮರುದಿನ ಬೆಳಕು ಹರಿಯುವ ಮೊದಲೇ ಅದೇ ತಪ್ಪಲೆಯಲ್ಲಿ ಸಾಂಬಾರು ಕುದಿಸಿದರು. ಇಂಗಿನ ಘಾಟಿಗೆ ಸೀಮೆಎಣ್ಣೆಯ ವಾಸನೆ ಯಾರಿಗೂ ತಿಳಿಯದೆ ಇಪ್ಪತ್ತು ಜನ ಸುರಿದುಕೊಂಡು ತಿಂದಾಗಿತ್ತು, ಇಬ್ಬರು ಎರಡನೇ ಸಲ ಕೇಳಿಯೂ ಆಗಿತ್ತು. ಆಮೇಲೆ ಖಾಯಂ ಗಿರಾಕಿಯೊಬ್ಬರು ಬಾಯಿಂದ ಏನನ್ನೋ ಉಗಿದು ತಟ್ಟೆಯ ಅಂಚಿಗಿಟ್ಟರು. ಸೀಳಿದ ಕರಿ ರಬ್ಬರ್ ಬಳೆ.

ಅಪ್ಪ ಅದನ್ನು ಕಂಡರು. ಏನೆಂದು ಅವರಿಗೆ ಗೊತ್ತಾಯಿತು. ಆದರೂ ಒಳಗೆ ತಿರುಗಿ ಕಿರುಚಿದರು: "ಭಟ್ರೇ, ಕಣ್ಣು ಕಾಣುದಿಲ್ವಾ ನಿಮಗೆ? ಎಂಥ ಕಸ ಹಾಕಿ ಬೇಯಿಸ್ತೀರಿ ಮಾರಾಯ್ರೆ?"

ಭಟ್ಟರು ಬೈರಾಸಿಗೆ ಕೈ ಒರೆಸುತ್ತ ಬಂದರು. ಆ ಬಳೆಯನ್ನು ಬೆರಳ ನಡುವೆ ಉಜ್ಜಿ ನೋಡಿದರು. ಹಿತ್ತಿಲಲ್ಲಿ ನಿಂತ ಕಾರನ್ನು ನೋಡಿದರು, ಅಪ್ಪನನ್ನು ನೋಡಿದರು. ಬಾಗಿಲ ಬಳಿ ನಿಂತಿದ್ದ ನನ್ನನ್ನೂ ನೋಡಿದರು. ನಾನು ತಲೆ ತಗ್ಗಿಸಿದೆ.

"ಮಾಝಿ ಚೂಕ್, ಸಾಹೇಬ್" ಎಂದು ತಮ್ಮ ಹರಕು ಮರಾಠಿಯಲ್ಲಿ ತಪ್ಪು ಒಪ್ಪಿಕೊಂಡು, ಗಿರಾಕಿಗೆ ಕೈ ಮುಗಿದರು. ಸಾಂಬಾರಷ್ಟನ್ನೂ ಮೋರಿಗೆ ಚೆಲ್ಲಿದರು.

ಅಪ್ಪ ಅವರನ್ನು ತಡೆಯಲಿಲ್ಲ. ಗಲ್ಲಾದಲ್ಲಿ ಕೂತು ಎಲೆ ಅಡಿಕೆ ಹಾಕಿಕೊಂಡರು. ಆ ಬಾಯಿ ಜಗಿಯುವುದನ್ನು ನೋಡಿ ನನಗೆ ಬಂದ ಹೇಸಿಗೆ ಇಂದಿಗೂ ಪೂರ್ತಿ ಹೋಗಿಲ್ಲ.

ಸಂಜೆ ಭಟ್ಟರು ಹಿತ್ತಿಲಿಗೆ ಕರೆದರು. "ಮಗಾ, ತಪ್ಪಲೆ ತಿಕ್ಕಿದ್ದು ನೀನಾ? ಬೈಯುದಿಲ್ಲ. ಹೌದೋ ಅಲ್ವೋ, ಅಷ್ಟು ಹೇಳು, ಸಾಕು."

"ನಂಗೊತ್ತಿಲ್ಲ" ಎಂದೆ.

"ಹಾಗಾ?" ಎಂದರು. ಬೈರಾಸು ಹೆಗಲಿಗೆ ಹಾಕಿಕೊಂಡು ಒಳಗೆ ಹೋದರು. ಮೂರನೇ ದಿನ ಊರಿನ ಬಸ್ಸು ಹತ್ತಿದರು.

ಕಾರು ಆಮೇಲೆ ಹೊಗೆ ಬಿಡಲಿಲ್ಲ. ಹೊಸ ಅಡುಗೆಯವರು ಬಂದರು, ಹೋದರು. ಹೋಟೆಲೂ ಹೋಯಿತು, ಅಪ್ಪನೂ ಹೋದರು. ಇನ್ನೊಬ್ಬರ ಹೊಲಸನ್ನು ತನ್ನ ತಲೆಯ ಮೇಲೆ ಹೊತ್ತು ಕೈ ಮುಗಿಯುವ ಮನುಷ್ಯ ಮಾತ್ರ ನನಗೆ ಮತ್ತೆ ಸಿಗಲಿಲ್ಲ. ಅಪ್ಪನನ್ನು ಬೈದುಕೊಂಡೇ ಅರ್ಧ ಆಯುಷ್ಯ ಕಳೆದೆ, ಅದು ಸುಲಭ. ಆದರೆ ಅಪ್ಪ ಬೈದರೆಂದು ಭಟ್ಟರು ಹೋಗಲಿಲ್ಲ. ಅಂಥ ಎಷ್ಟು ಧಣಿಗಳನ್ನು ಕಂಡಿದ್ದರೋ. ಅವರು ಟ್ರಂಕು ಕಟ್ಟಿದ್ದು ನನ್ನ ಉತ್ತರ ಕೇಳಿದ ಮೇಲೆ.