ಮೂರನೆಯ ಸಲ ಹತ್ತಿಸಿದ್ದು

ಕೊಟ್ಟೂರಿನ ಮಾರುಕಟ್ಟೆಯ ಹಮಾಲರ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದಾಗ ನನ್ನಿಂದ ಒಬ್ಬ ಮನುಷ್ಯನ ಕಾಲು ಮುರಿಯಿತು. ಬಹಳ ದಿನ ಇದನ್ನು ಹೀಗೆ ನೇರವಾಗಿ ಹೇಳಿರಲಿಲ್ಲ. ಶೂಟಿಂಗ್ ವೇಳೆ ಒಂದು ಅಪಘಾತವಾಯಿತು ಎನ್ನುತ್ತಿದ್ದೆ.

ಆತ ಕೂಡ್ಲಿಗಿ ಕಡೆಯ ಹಳ್ಳಿಯವನು, ಐವತ್ತರ ಹತ್ತಿರದ ವಯಸ್ಸು. ದಿನಾ ಮೊದಲ ಬಸ್ಸಿಗೆ ಬಂದು ಮೆಕ್ಕೆಜೋಳದ ಚೀಲ ಹೊತ್ತು ಲಾರಿಗೆ ಹಾಕುತ್ತಿದ್ದ. ಎರಡು ವಾರ ಕ್ಯಾಮೆರಾ ಹಿಡಿದು ಅವನ ಹಿಂದೆಯೇ ತಿರುಗಿದೆ. ತನ್ನ ಬುತ್ತಿಯ ರೊಟ್ಟಿಯಲ್ಲಿ ನನಗೂ ಒಂದು ತೆಗೆದಿಡುತ್ತಿದ್ದ.

ಅಂದು ಬೆಳಗಿನ ಬಿಸಿಲು ಲಾರಿಗೆ ಆನಿಸಿದ ಹಲಗೆಯ ಮೇಲೆ ಓರೆಯಾಗಿ ಬಿದ್ದಿತ್ತು. ಆತ ಚೀಲ ಹೊತ್ತು ಹಲಗೆ ಹತ್ತುವುದನ್ನು ಎರಡು ಸಲ ಚಿತ್ರಿಸಿದೆ. ಎರಡೂ ಸಲ ತಲೆ ತಗ್ಗಿಸಿದ್ದ, ಮುಖ ಕಾಣಲಿಲ್ಲ. ಇನ್ನೊಂದು ಸಲ ಹತ್ತು, ಈ ಸಲ ನನ್ನ ಕಡೆ ನೋಡು ಎಂದೆ.

“ಹಲಿಗಿ ಮ್ಯಾಲ ನಾವು ಕಾಲು ನೋಡ್ಕೊಂತ ಹತ್ತೀವ್ರಿ ಸರ,” ಎಂದ.

ಒಂದೇ ಸಲ ಎಂದೆ. ನನ್ನ ಮಾತು ತೆಗೆದುಹಾಕಲಾರದೆ ಹತ್ತಿದ. ಅರ್ಧಕ್ಕೆ ಬಂದಾಗ ತಲೆ ಎತ್ತಿದ. ಕಾಲು ಹಲಗೆಯ ಅಂಚಿಗೆ ಬಿತ್ತು, ಚೀಲದ ಸಮೇತ ಕೆಳಗೆ ಬಂದ.

ಆಸ್ಪತ್ರೆಯ ಖರ್ಚು ನಾನೇ ನೋಡಿಕೊಂಡೆ. ಚೆಲ್ಲಿದ ಕಾಳಿನ ಮೇಲೆ ಕಾಲಿಟ್ಟು ಜಾರಿದೆ ಎಂದು ಆತ ಎಲ್ಲರಿಗೂ ಹೇಳಿದ, ಹೆಂಡತಿಗೂ. ನಾನು ಪಕ್ಕದಲ್ಲೇ ನಿಂತು ಸುಮ್ಮನಿದ್ದೆ. ಮುಂದೆ ಸಂಕಲನಕ್ಕೆ ಕೂತಾಗ ಮೊದಲ ಸಲದ ದೃಶ್ಯವೇ ಚೆನ್ನಾಗಿ ಕಂಡಿತು. ಮುಖ ಬೇಕಿರಲಿಲ್ಲ, ಬಗ್ಗಿದ ಬೆನ್ನೇ ಸಾಕಿತ್ತು.

ಎಂಟು ತಿಂಗಳ ನಂತರ ಚಿತ್ರ ತೋರಿಸಲು ಅವನ ಮನೆಗೆ ಹೋದೆ. ಮೂಳೆ ಕೂಡಿತ್ತು, ಆದರೆ ಕಾಲು ಭಾರ ತಡೆಯುತ್ತಿರಲಿಲ್ಲ. ಈಗ ದಬ್ಬಣ ಹಿಡಿದು ಚೀಲಗಳ ಬಾಯಿ ಹೊಲಿಯುತ್ತಿದ್ದ. ಅವನ ಹೆಂಡತಿ ಮಜ್ಜಿಗೆ ತಂದುಕೊಟ್ಟು, ಇಷ್ಟು ದೂರ ನೆನಪಿಟ್ಟು ಬಂದಿರಲ್ಲ ಎಂದು ಉಪಚಾರದ ಮಾತಾಡಿದಳು. ಅದನ್ನು ಕೇಳಿಸಿಕೊಂಡು ಕೂರಲಾಗಲಿಲ್ಲ. ನಡೆದದ್ದೆಲ್ಲ ಹೇಳಿಬಿಟ್ಟೆ.

“ಬಿಡ್ರಿ ಸರ, ಆಗಿದ್ದು ಆಗೇತಿ,” ಎಂದು ಆತ ನಡುವೆ ಬಾಯಿ ಹಾಕಿದ.

ಆಕೆ ಗಂಡನನ್ನೇ ನೋಡುತ್ತಿದ್ದಳು. ಆಮೇಲೆ ನನಗೆ ಹೇಳಿದಳು: “ಕಣ್ಣು ಎಲ್ಲಿಟ್ಟಿದ್ರಿ ಅಂತ ಇಷ್ಟು ದಿನ ಇವ್ರನ್ನ ಬೈದೀನ್ರಿ ನಾನು.”

ತಪ್ಪಾಯಿತು ಎಂದೆ. ಆಕೆ ಖಾಲಿ ಲೋಟ ತೆಗೆದುಕೊಂಡು ಒಳಗೆ ಹೋದಳು.

ಆತನೇ ಒತ್ತಾಯ ಮಾಡಿ ಚಿತ್ರ ಹಾಕಿಸಿದ. ಹಲಗೆ ಹತ್ತುವ ಭಾಗ ಬಂದಾಗ ನಿಲ್ಲಿಸಲು ಹೇಳಿ ಮತ್ತೊಮ್ಮೆ ನೋಡಿದ. “ಎಷ್ಟು ಸಲೀಸು ಹತ್ತತಿದ್ದೆ ನೋಡ್ರಿ,” ಎಂದ. ಆ ದನಿಯಲ್ಲಿ ದೂರೇ ಇರಲಿಲ್ಲ. ಚಿತ್ರ ಮುಗಿಯುವವರೆಗೂ ಆಕೆ ಹೊರಗೆ ಬರಲಿಲ್ಲ. ನಾನು ಹೋಗಿಬರುತ್ತೇನೆ ಎಂದಾಗಲೂ ಬರಲಿಲ್ಲ.